ಅಮೆಯ ಹತ್ತು ದಿನ

ಪುಣೆ
೧೨ ಜನವರಿ ೨೦೨೪

ಶೀಲಾವತಿ ಅಮ್ಮನವರಿಗೆ ನಮಸ್ಕಾರ.

ನನ್ನ ಗುರುತು ನಿಮಗೆ ಸಿಗಲಿಕ್ಕಿಲ್ಲ. ನಾನು ಬೆಟ್ಟಂಪಾಡಿಯ ಮನೋರಮಾ ಅವರ ಮಗಳು ದೀಪಶ್ರೀ. ನಲವತ್ತು ವರ್ಷದ ಹಿಂದೆ ಪುತ್ತೂರಿನ ಒಂದು ಹೆರಿಗೆ ಆಸ್ಪತ್ರೆಯಲ್ಲಿ ನೀವು ಮತ್ತು ನನ್ನ ಅಮ್ಮ ಅಕ್ಕಪಕ್ಕದ ಮಂಚದಲ್ಲಿದ್ದಿರಂತೆ. ನಿಮ್ಮ ಮಗ ಉಲ್ಲಾಸ್ ನನಗಿಂತ ಸ್ವಲ್ಪ ಮೊದಲು ಹುಟ್ಟಿದವರಂತೆ. ನಿಮ್ಮ ಬಗ್ಗೆ ಅಮ್ಮ ನನಗೆ ಹೇಳಿದ್ದು ಇಷ್ಟೇ. ಆದರೆ ಪ್ರತಿ ಬೇಸಿಗೆಯಲ್ಲಿ ಹಲಸಿನ ಹಪ್ಪಳ ಒಣಗಿಸಿ ಕಟ್ಟುವಾಗ ‘ಇದು ಆಲಂಕಾರಿನ ಶೀಲಕ್ಕನಿಗೆ’ ಎಂದು ಒಂದು ಕಟ್ಟು ಬೇರೆ ತೆಗೆದಿಡುವುದನ್ನು ಚಿಕ್ಕಂದಿನಿಂದ ನೋಡಿದ್ದೇನೆ.

ಉಲ್ಲಾಸ್ ಅವರಿಗೆ ಫೋನು ಮಾಡಿದ್ದೆ. ನಿಮಗೆ ಕಿವಿ ಮಂದವಾಗಿದೆ, ಫೋನಿನಲ್ಲಿ ಏನು ಕೇಳಿದರೂ ‘ಹೌದು’ ಎನ್ನುತ್ತೀರಿ, ಪತ್ರ ಬರೆದರೆ ಮಾತ್ರ ಸರಿಯಾದ ಉತ್ತರ ಸಿಕ್ಕೀತು ಎಂದರು. ಹಾಗಾಗಿ ಬರೆಯುತ್ತಿದ್ದೇನೆ.

ನಾನು ಸಾಕ್ಷ್ಯಚಿತ್ರಗಳನ್ನು ಮಾಡುತ್ತೇನೆ. ಈಗ ಕೈಗೆತ್ತಿಕೊಂಡಿರುವುದು ಹೆರಿಗೆಯ ಬಗ್ಗೆ. ಪುತ್ತೂರು, ಸುಳ್ಯ, ಕಡಬದ ಹೆಂಗಸರು ಮನೆಯ ಒಳಕೋಣೆಯಿಂದ ಆಪರೇಷನ್ ಥಿಯೇಟರಿಗೆ ಬರುವಷ್ಟರಲ್ಲಿ ಏನು ಪಡೆದರು, ಏನು ಕಳೆದುಕೊಂಡರು ಎಂದು ಹುಡುಕುತ್ತಿದ್ದೇನೆ. ಗುಂಡ್ಯದ ಹತ್ತಿರ ಆಂಬುಲೆನ್ಸಿನಲ್ಲೇ ಹೆತ್ತ ಒಬ್ಬಳು, ಮೂರು ಸಲವೂ ಸಿಸೇರಿಯನ್ ಆದ ಸುಳ್ಯದ ಒಬ್ಬ ಟೀಚರ್, ಇಬ್ಬರು ಡಾಕ್ಟರರು, ಎಲ್ಲರೂ ಮಾತಾಡಿದರು. ಮಾತಾಡದವಳು ನನ್ನ ಅಮ್ಮ ಒಬ್ಬಳೇ. ಕ್ಯಾಮರಾ ಮುಂದೆ ಕೂರಿಸಿ ಕೇಳಿದ್ದಕ್ಕೆ, “ಇಕ್ಕುಳ ಹಾಕಿ ತೆಗೆದರು. ಮತ್ತೆ ನನಗೆ ಜ್ವರ ಬಂತು. ನಿನಗೆ ನಾನು ಹಾಲು ಕೊಡ್ಲಿಲ್ಲ. ಸಾಕಲ್ಲ?” ಎಂದು ಸೆರಗಿನ ಮೈಕು ತೆಗೆದಿಟ್ಟು ಎದ್ದುಹೋದಳು.

ಅವಳು ನನಗೆ ಹಾಲು ಕೊಟ್ಟಿಲ್ಲವೆಂದು ನನಗೆ ಮೊದಲೇ ಗೊತ್ತಿತ್ತು. ಮನೆಯಲ್ಲಿ ಎಲ್ಲರಿಗೂ ಗೊತ್ತು. ತಮ್ಮ ವಿಷ್ಣುಪ್ರಸಾದನಿಗೆ ಮಾತ್ರ ಅವನು ಅಂಗಳದಲ್ಲಿ ಓಡಾಡುವವರೆಗೂ ಕೊಟ್ಟಿದ್ದಾಳೆ. ಯಾಕೆ ಹಾಗೆ ಎಂದು ತಿಳಿಯಬೇಕು ನನಗೆ. ಸಿನಿಮಾಕ್ಕಾಗಿ ಎಂದು ಎಲ್ಲರಿಗೂ ಹೇಳುತ್ತೇನೆ, ನಿಮಗೆ ಸುಳ್ಳು ಬರೆಯುವುದಿಲ್ಲ, ನನಗಾಗಿಯೇ.

ನಮ್ಮಿಬ್ಬರ ನಡುವೆ ಎಂದೂ ಜಗಳವಿಲ್ಲ, ಸಲಿಗೆಯೂ ಇಲ್ಲ. ನನಗೆ ಚಿಕ್ಕಂದಿನಿಂದಲೂ ಹಾಲು ಕಂಡರಾಗದು. ಆದರೂ ಊರಿಗೆ ಹೋದಾಗಲೆಲ್ಲ ಸಂಜೆ ಒಂದು ಲೋಟ ಬಿಸಿ ಹಾಲು ತಂದು ನನ್ನ ಮುಂದಿಡುತ್ತಾಳೆ. ನಾನು ಮುಟ್ಟುವುದಿಲ್ಲ. ತಣ್ಣಗಾದ ಮೇಲೆ ಎತ್ತಿಕೊಂಡು ಹೋಗುತ್ತಾಳೆ. ಮಗಳಿಗೆ ಯಾವುದು ಸೇರುತ್ತದೆ, ಯಾವುದು ಸೇರುವುದಿಲ್ಲ ಎಂದು ಇಷ್ಟು ವರ್ಷದಲ್ಲಿ ಅವಳಿಗೆ ಗೊತ್ತಾಗಿಲ್ಲ.

ಆ ವಾರ್ಡಿನಲ್ಲಿ ನೀವು ಕಂಡದ್ದನ್ನು ದಯವಿಟ್ಟು ಬರೆಯಿರಿ.

ದೀಪಶ್ರೀ


ಆಲಂಕಾರು
೨ ಫೆಬ್ರವರಿ ೨೦೨೪

ಮಗಾ ದೀಪಶ್ರೀ,

‘ನೀವು’ ಎಂದು ಬರೆಯಲು ಕೂತೆ, ಪೆನ್ನು ಒಪ್ಪಲಿಲ್ಲ. ಬಟ್ಟೆಯಲ್ಲಿ ಸುತ್ತಿ ಎತ್ತಿಕೊಂಡವಳಿಗೆ ಬಹುವಚನ ಹಾಕುವುದು ನನ್ನಿಂದಾಗದು. ಗುರುತು ಸಿಗಲಿಕ್ಕಿಲ್ಲ ಎಂದು ಬರೆದಿದ್ದೀ. ಈ ಕಿವಿ ಸರಿ ಇದ್ದಿದ್ದರೆ ನಿನ್ನ ಅಳು ಕೇಳಿಯೇ ಗುರುತು ಹಿಡಿಯುತ್ತಿದ್ದೆ. ನೀನು ಅತ್ತರೆ ಪುತ್ತೂರಿನ ಬಸ್‌ಸ್ಟ್ಯಾಂಡಿನವರೆಗೆ ಕೇಳುತ್ತಿತ್ತು. ಉಲ್ಲಾಸನ ಮಾತು ನಂಬಬೇಡ. ನಾನು ಫೋನಿನಲ್ಲಿ ಹೌದು ಹೌದು ಎನ್ನುವುದು ಕೇಳಿಸದ್ದಕ್ಕಲ್ಲ, ಹಾಗೆಂದರೆ ಜನ ಬೇಗ ಫೋನು ಇಡುತ್ತಾರೆ.

ಆ ವಾರ್ಡಿನ ವಿಷಯ ಬರೆ ಎಂದೆಯಲ್ಲ, ನನಗೆ ಬಹಳ ಖುಷಿಯಾಯಿತು. ನನ್ನನ್ನು ಈವರೆಗೆ ಯಾರೂ ಕೇಳಿಲ್ಲ.

ನಾನು ಹುಟ್ಟಿದ್ದು ಸುಳ್ಯದ ಕಡೆ, ಮದುವೆಯಾಗಿ ಬಂದದ್ದು ಈ ಆಲಂಕಾರಿಗೆ. ಕಾಲು ಬಾತು ಬಿಪಿ ಏರಿತೆಂದು ನಮ್ಮವರು ಡೊಂಬಯ್ಯ ಬಾಡಿಗೆ ಜೀಪಿನಲ್ಲಿ ಉಪ್ಪಿನಂಗಡಿ ದಾರಿಯಾಗಿ ನನ್ನನ್ನು ಪುತ್ತೂರಿಗೆ ಕೊಂಡುಹೋದರು. ದಾರಿಯುದ್ದಕ್ಕೂ ನನಗಿಂತ ಹೆಚ್ಚು ಅವರೇ ನರಳಿದ್ದು. ಆಪರೇಷನ್ ಆಗಿ ಉಲ್ಲಾಸ ಹುಟ್ಟಿದ. ಮರುದಿನ ಪಕ್ಕದ ಮಂಚಕ್ಕೆ ನಿನ್ನ ತಾಯಿಯನ್ನು ತಂದು ಮಲಗಿಸಿದರು. ಬಿಳಿಚಿಕೊಂಡಿದ್ದಳು, ಕಣ್ಣು ಮಾತ್ರ ಇಷ್ಟು ದೊಡ್ಡದು. ನಿನ್ನ ಎಡಗೆನ್ನೆಯ ಮೇಲೆ ಇಕ್ಕುಳದ ಕೆಂಪು ಗುರುತಿತ್ತು. ಈಗ ಇಲ್ಲವೆಂದುಕೊಳ್ಳುತ್ತೇನೆ.

ಅಮೆ ಎಂದರೆ ನಿನ್ನ ಪುಣೆಯವರಿಗೆ ತಿಳಿಯಲಿಕ್ಕಿಲ್ಲ, ನೀನೇ ಹೇಳು. ಮಗು ಹುಟ್ಟಿದರೆ ಹತ್ತು ದಿನ ಮೈಲಿಗೆ. ಹೆತ್ತವಳನ್ನು, ಮಗುವನ್ನು ಮುಟ್ಟಿದವರು ಮಿಂದೇ ಒಳಗೆ ಬರಬೇಕು. ಹನ್ನೊಂದನೆಯ ದಿನ ಶುದ್ಧ. ನಮ್ಮಲ್ಲೂ ಉಂಟು, ನಿಮ್ಮಲ್ಲಿ ಇನ್ನೂ ಜೋರು. ಮನೋರಮಾಳಿಗೆ ತಾಯಿ ಇರಲಿಲ್ಲ. ಬಂದು ನಿಂತದ್ದು ಅವಳ ಅತ್ತೆ, ಅಂದರೆ ನಿನ್ನ ಅಜ್ಜಿ. ಆಸ್ಪತ್ರೆಯಲ್ಲಿ ಮೀಯುವುದಕ್ಕೆ ಎಲ್ಲಿ ಹೋಗುವುದು? ಅವರು ಹೊರಗಿನ ಜಗಲಿಯ ಬೆಂಚಿನಲ್ಲೇ ಕೂತರು. ಗಂಜಿ, ಬಿಸಿನೀರಿನ ಫ್ಲಾಸ್ಕು, ಬಟ್ಟೆ, ಎಲ್ಲ ಬಾಗಿಲ ಹತ್ತಿರ ಇಡುವರು. ಆಯಾ ನೆಬೀಸ ಒಳಗೆ ತರುವಳು. ನನ್ನ ತಾಯಿಯೂ ಎರಡು ದಿನ ನಿಂತು ಹೋದಳು, ತಮ್ಮನ ಹೆಂಡತಿಗೂ ದಿನ ತುಂಬಿತ್ತು. ಹಾಗೆ ಆ ಕೋಣೆಯಲ್ಲಿ ನಾವಿಬ್ಬರೇ, ನೀವಿಬ್ಬರು, ಮತ್ತೆ ಬಂದು ಹೋಗುವ ನೆಬೀಸ.

ನನ್ನ ಜೀವಮಾನದಲ್ಲಿ ಒಲೆಯ ಮುಂದೆ ಕೂರದೆ ಉಂಡದ್ದು ಆ ದಿನಗಳಲ್ಲಿ ಮಾತ್ರ. ಜ್ವರ ಇಳಿದ ಮೇಲೆ ನಿನ್ನ ತಾಯಿ ಮಾತಿಗೆ ತೊಡಗಿದಳು. ಜಗಲಿಯಲ್ಲಿ ಕೂತ ಅತ್ತೆ ಕೆಮ್ಮಿದರೆ ಇವಳು ಒಳಗೆ ಹಾಗೆಯೇ ಕೆಮ್ಮುವಳು. ನಾನು ಹೊಲಿಗೆ ಬಿಚ್ಚುತ್ತದೆಂದು ಹೊಟ್ಟೆ ಹಿಡಿದುಕೊಂಡು ನಗುವುದು. ನನಗೆ ಮನೆಯಿಂದ ಒಣಮೀನಿನ ಚಟ್ನಿ ಬರುತ್ತಿತ್ತು. ಡಬ್ಬಿ ತೆರೆದರೆ ಅವಳು ಕಿಟಕಿಯ ಕಡೆ ತಿರುಗಿ ಮಲಗುವಳು. ಕೆಲವು ದಿನದ ನಂತರ ತಿರುಗುವುದನ್ನು ಬಿಟ್ಟಳು. ತಿಂದಳೆಂದು ಸಿನಿಮಾದಲ್ಲಿ ಹಾಕಬೇಡ ಮತ್ತೆ, ತಿನ್ನಲಿಲ್ಲ.

ಈಗ ನಮ್ಮ ಮನೆಯಲ್ಲೂ ಒಂದು ಸುದ್ದಿ ಉಂಟು. ಉಲ್ಲಾಸನಿಗೆ ಹೆಣ್ಣು ಸಿಗುವಷ್ಟರಲ್ಲಿ ಅವನ ಅರ್ಧ ಕೂದಲು ಹೋಗಿತ್ತು, ಗೊತ್ತಲ್ಲ. ಸಿಕ್ಕಿದವಳು ಚಿನ್ನದಂಥವಳು, ಹೇಮಶ್ರೀ ಎಂದು ಹೆಸರು. ಅವಳಿಗೆ ಈಗ ಮೂರು ತಿಂಗಳು.

ಹಾಲಿನ ವಿಷಯ ಕೇಳಿದ್ದೀ. ಮನೋರಮಾಳಿಗೆ ಜ್ವರ ಜೋರಿತ್ತು, ಬಿಸಿ ಮದ್ದು ಕೊಡುತ್ತಿದ್ದರು. ಅಷ್ಟು ಬರೆದರೆ ಸಾಕು.

ನಿನ್ನ ತಾಯಿಗೆ ನನ್ನ ನೆನಪು ಹೇಳು. ಹೋದ ವರ್ಷದ ಹಪ್ಪಳ ಮುಗಿದಿದೆ ಎಂದೂ ಹೇಳು.

ಶೀಲಾವತಿ


ಪುಣೆ
೯ ಮಾರ್ಚ್ ೨೦೨೪

ಪ್ರೀತಿಯ ಶೀಲಮ್ಮ,

ನಿಮ್ಮ ಪತ್ರ ಓದಿ ಅತ್ತುಬಿಟ್ಟೆ. ಮತ್ತೆ ಮತ್ತೆ ಓದಿದೆ. ಇಕ್ಕುಳದ ಹೆರಿಗೆಯಾಗಿ, ಜ್ವರದಲ್ಲಿ ಬೇಯುತ್ತ ಮಲಗಿದ, ತಾಯಿಯಿಲ್ಲದ ಒಬ್ಬ ಹುಡುಗಿ. ಹಣೆ ಮುಟ್ಟಿ ನೋಡಬೇಕಾದವರು ಬಾಗಿಲ ಹೊರಗೆ ಬೆಂಚಿನಲ್ಲಿ. ಗಂಜಿಯ ಪಾತ್ರೆಯನ್ನು ಹೊಸ್ತಿಲ ಬಳಿ ಇಟ್ಟು ಸರಿಯುವ ಕೈ. ಇಷ್ಟು ವರ್ಷ ನನಗೆ ಅಮ್ಮನ ಮೇಲೆ ಸಿಟ್ಟಿತ್ತು. ಈಗ ಸಿಟ್ಟು ಅಜ್ಜಿಯ ಮೇಲೆ, ಆ ಆಸ್ಪತ್ರೆಯ ಮೇಲೆ, ಆ ಮೈಲಿಗೆಯ ಮೇಲೆ ತಿರುಗಿದೆ. ಎಲ್ಲ ಸೇರಿ ಮೊದಲ ದಿನವೇ ನನ್ನನ್ನು ಅಮ್ಮನಿಂದ ಬೇರ್ಪಡಿಸಿದವು. ಆಮೇಲೆ ನಾವು ಒಂದಾಗಲೇ ಇಲ್ಲ.

ಸಿನಿಮಾಕ್ಕೆ ಹೆಸರು ಸಿಕ್ಕಿತು: ‘ಮುಟ್ಟದ ಹತ್ತು ದಿನ’. ಹಳೆಯ ಕಾಲದಲ್ಲಿ ಮೈಲಿಗೆಯ ನೆಪದಲ್ಲಿ ಹೆತ್ತವಳನ್ನು ಒಂಟಿ ಮಾಡಿದರು, ಈಗ ಯಂತ್ರ ಮತ್ತು ಕತ್ತಿಯ ನಡುವೆ ಒಂಟಿ ಮಾಡುತ್ತಾರೆ ಎಂದು ತೋರಿಸಬೇಕು.

ಒಂದು ಕೋರಿಕೆ ಉಂಟು. ಹೇಮಶ್ರೀ ಅವರು ಒಪ್ಪಿದರೆ ಅವರ ಬಸುರಿನ ತಿಂಗಳುಗಳನ್ನು, ಸಾಧ್ಯವಾದರೆ ಹೆರಿಗೆಯ ದಿನವನ್ನು ಚಿತ್ರಿಸಬಹುದೇ? ಅಂದು ನೀವು, ಇಂದು ನಿಮ್ಮ ಸೊಸೆ. ನನ್ನ ಸಿನಿಮಾಕ್ಕೆ ಅದಕ್ಕಿಂತ ಒಳ್ಳೆಯ ಕೊನೆ ಇಲ್ಲ.

ದೀಪಶ್ರೀ


ಆಲಂಕಾರು
೨೧ ಏಪ್ರಿಲ್ ೨೦೨೪

ದೀಪಶ್ರೀ,

ಪತ್ರ ಬಂದು ತುಂಬ ದಿನವಾಯಿತು. ಕೋಪ ಇಳಿಯಲಿ ಎಂದು ಕಾದೆ.

ನಾನು ನಕ್ಕು ಬರೆದದ್ದನ್ನು ನೀನು ಅತ್ತು ಓದಿದ್ದೀ. ಒಂಟಿ ಎಂದು ನಾನೆಲ್ಲಿ ಬರೆದೆ? ಒಂದು ಕೋಣೆಯಲ್ಲಿ ಇಬ್ಬರು ಹೆಂಗಸರು, ಅಡಿಗೆಯಿಲ್ಲ, ದನದ ಹಟ್ಟಿಯಿಲ್ಲ, ಬಾ ಹೋಗು ಎನ್ನುವವರಿಲ್ಲ. ಇದಕ್ಕೆ ನೀವು ಓದಿದವರು ಒಂಟಿ ಎನ್ನುತ್ತೀರಾದರೆ ನನಗೆ ಇನ್ನೊಂದು ಸಲ ಆ ಒಂಟಿತನ ಸಿಗಲಿ. ನಿನ್ನ ಅಜ್ಜಿಯ ಮೇಲೂ ಸಿಟ್ಟು ಮಾಡಬೇಡ. ಅವರು ಆ ಬೆಂಚಿನಿಂದ ಏಳಲಿಲ್ಲ. ನೆಬೀಸ ಹೊರಗೆ ಹೋದಾಗಲೆಲ್ಲ “ಜ್ವರ ಎಷ್ಟುಂಟು, ಮಗು ಎಂತ ಮಾಡ್ತದೆ” ಎಂದು ಕೇಳುವರು. ಮುಟ್ಟಲಿಲ್ಲ, ಹೌದು. ಬಿಟ್ಟೂ ಹೋಗಲಿಲ್ಲ.

ಹೇಮಶ್ರೀಯ ಹತ್ತಿರ ಕೇಳಿದೆ. ಅವಳು ಸೊಸೈಟಿಯಲ್ಲಿ ಕೆಲಸ ಮಾಡುವವಳು, ಧೈರ್ಯದ ಹುಡುಗಿ. ಹೆರಿಗೆ ಕೋಣೆಯ ಬಾಗಿಲವರೆಗೆ ಕ್ಯಾಮರಾ ಬರಲಿ, ಒಳಗೆ ಬೇಡ ಎಂದಳು.

ಇಲ್ಲಿಯ ಪಂಚಾತಿಕೆ ಕೇಳು, ನಿನ್ನ ಸಿನಿಮಾಕ್ಕೆ ಆದೀತು. ಡಾಕ್ಟರು ಕೊಟ್ಟ ತಾರೀಕು ಜುಲೈ ಕೊನೆಗೆ, ಆಟಿಯ ನಡುವಿನಲ್ಲಿ. ಆಟಿ ತಿಂಗಳಲ್ಲಿ ನಮ್ಮಲ್ಲಿ ಒಳ್ಳೆಯ ಕೆಲಸ ಒಂದೂ ಮಾಡುವುದಿಲ್ಲ ಎಂದು ನಿನಗೆ ಗೊತ್ತು. ನಮ್ಮವರು ಜೋಯಿಸರ ಹತ್ತಿರ ಹೋಗಿ ಆಟಿ ಹುಟ್ಟುವ ಮೊದಲಿನ ಒಂದು ಒಳ್ಳೆಯ ನಕ್ಷತ್ರ ನೋಡಿಸಿಕೊಂಡು ಬಂದರು. ಸೀದಾ ಡಾಕ್ಟರಮ್ಮನ ಹತ್ತಿರ, ಆ ದಿನ ಬೆಳಿಗ್ಗೆ ಆಪರೇಷನ್ ಮಾಡಿ ತೆಗೆದುಬಿಡಿ ಎಂದರು. ಆ ಹೆಣ್ಣುಮಗಳು ಕನ್ನಡಕ ತೆಗೆದು ಇವರನ್ನು ನೋಡಿ, ಕಾರಣವಿಲ್ಲದೆ ಬೇಗ ಕೊಯ್ಯುವುದಿಲ್ಲ, ಅದು ಹೊಟ್ಟೆಯೇ ಹೊರತು ನಿಮ್ಮ ಬಾಳೆಗೊನೆಯಲ್ಲ ಎಂದರಂತೆ. ನಿನ್ನ ಸಿನಿಮಾದಲ್ಲಿ ಕತ್ತಿ ಹಿಡಿಯುವವರು ಡಾಕ್ಟರರು. ಇಲ್ಲಿ, ಕತ್ತಿ ಹಿಡಿಯಿರಿ ಎಂದು ಬೆನ್ನು ಹತ್ತಿದವರು ನಮ್ಮವರು.

ಮನೆಗೆ ಬಂದ ಮೇಲೆ ಹೇಮಶ್ರೀ ಕೇಳಿದಳು, “ಮಾವ, ನೀವು ಸಹ ಆಟಿಯಲ್ಲಿ ಹುಟ್ಟಿದ್ದಲ್ವಾ?”

“ಅದಕ್ಕೇ ಹೇಳುದು” ಎಂದರು.

ಒಂದು ಮಾತು. ಸಿನಿಮಾದ ಆ ಹೆಸರನ್ನು ನಿನ್ನ ತಾಯಿಗೆ ಹೇಳಿದ್ದೀಯಾ?

ಶೀಲಾವತಿ


ಪುಣೆ
೧೬ ಜೂನ್ ೨೦೨೪

ಶೀಲಮ್ಮ,

ಮೇ ತಿಂಗಳಲ್ಲಿ ಊರಿಗೆ ಬಂದಿದ್ದೆ. ನಿಮ್ಮಲ್ಲಿಗೆ ಬರುವ ಮನಸ್ಸಿತ್ತು. ಆಗಲಿಲ್ಲ, ಯಾಕೆಂದು ಬರೆಯುತ್ತೇನೆ.

ಈವರೆಗೆ ಜೋಡಿಸಿದ್ದನ್ನು ಲ್ಯಾಪ್‌ಟಾಪಿನಲ್ಲಿ ಅಮ್ಮನಿಗೆ ತೋರಿಸಿದೆ. ‘ಮುಟ್ಟದ ಹತ್ತು ದಿನ’ ಎಂಬ ಹೆಸರು, ಅವಳು ಮೈಕು ತೆಗೆದಿಟ್ಟು ಏಳುವ ದೃಶ್ಯ, ಅದರ ಮೇಲೆ ನನ್ನ ಧ್ವನಿ: ನನ್ನ ತಾಯಿ ನನಗೆ ಹಾಲು ಕೊಡಲಿಲ್ಲ. ಅಷ್ಟು ನೋಡಿ ಎದ್ದಳು. ಇದನ್ನು ಪುತ್ತೂರಿನಲ್ಲಿ ತೋರಿಸುವುದಾದರೆ ತಾನು ಬರುವುದಿಲ್ಲ ಎಂದಳು. ಸೆಪ್ಟೆಂಬರಿನಲ್ಲಿ ಪುತ್ತೂರಿನಲ್ಲೇ ಮೊದಲ ಪ್ರದರ್ಶನ ಇಟ್ಟುಕೊಂಡಿದ್ದೇನೆ, ಅಮ್ಮ ಮುಂದಿನ ಸಾಲಿನಲ್ಲಿ ಕೂತು ನೋಡಲಿ ಎಂದೇ.

ನನಗೂ ತಡೆಯಲಿಲ್ಲ. ಕೇಳಿಬಿಟ್ಟೆ, “ವಿಷ್ಣುವಿಗೆ ಕೊಟ್ಟಿಯಲ್ಲ. ನನಗೆ ಯಾಕೆ ಕೊಡ್ಲಿಲ್ಲ? ನಾನು ಹೆಣ್ಣು ಅಂತಲಾ?”

ಅಮ್ಮ ನನ್ನ ಮುಖವನ್ನೇ ನೋಡಿದಳು. ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಸಂಜೆ ಮಾತ್ರ ಎಂದಿನಂತೆ ಹಾಲಿನ ಲೋಟ ತಂದಿಟ್ಟಳು. ನಾನು ಅದನ್ನು ಹಾಗೇ ಬಿಟ್ಟು ಬಸ್ಸು ಹತ್ತಿದೆ. ಆಮೇಲೆ ನಾವು ಮಾತಾಡಿಲ್ಲ. ಫೋನು ಮಾಡಿದರೆ ವಿಷ್ಣು ಎತ್ತುತ್ತಾನೆ.

ನನಗೆ ಮಕ್ಕಳಿಲ್ಲ. ಬೇಕೆನ್ನಿಸಲಿಲ್ಲ. ಎತ್ತಿ ಎದೆಗೊತ್ತಿಕೊಳ್ಳುವುದು ನನಗೆ ಬಾರದೇನೋ ಎಂಬ ಹೆದರಿಕೆ ಇತ್ತು. ಅದಕ್ಕೂ ನಾನು ಅಮ್ಮನನ್ನೇ ದೂರುತ್ತ ಬಂದಿದ್ದೇನೆ.

ನೀವು ಪಕ್ಕದ ಮಂಚದಲ್ಲಿದ್ದಿರಿ. ನಿಮಗೆ ಗೊತ್ತು. ನೀವು ಏನೋ ಬರೆಯದೆ ಬಿಟ್ಟಿದ್ದೀರಿ ಎಂಬುದು ನನಗೂ ಗೊತ್ತು. ನನಗೆ ಬೇಕಾದ್ದು ಒಂದೇ ಉತ್ತರ: ಅಮ್ಮನಿಗೆ ನಾನು ಬೇಡವಾಗಿದ್ದೆನೇ?

ದೀಪಶ್ರೀ


ಆಲಂಕಾರು
೩ ಜುಲೈ ೨೦೨೪

ದೀಪಶ್ರೀ,

ಗೊತ್ತುಂಟು. ಬರೆಯುವುದಿಲ್ಲ. ನಿನ್ನ ತಾಯಿಗೆ ಮಾತು ಕೊಟ್ಟಿದ್ದೇನೆ. ನೀವಿಬ್ಬರು ಮಕ್ಕಳು ಇನ್ನೂ ಕಣ್ಣು ಬಿಡುತ್ತಿದ್ದಾಗ ಕೊಟ್ಟ ಮಾತು, ಈಗ ನಿನ್ನ ಸಿನಿಮಾಕ್ಕಾಗಿ ಮುರಿಯುವುದಿಲ್ಲ.

ಬೇಡವಾಗಿದ್ದೆನೇ ಎಂದು ಕೇಳಿದ್ದಕ್ಕೆ ಮಾತ್ರ ಹೇಳುತ್ತೇನೆ. ಅಲ್ಲ. ಅದು ನಾನು ಕಣ್ಣಾರೆ ಕಂಡದ್ದು.

ಉಳಿದದ್ದನ್ನು ಅವಳ ಹತ್ತಿರವೇ ಕೇಳು. ಕೇಳುವಾಗ ಮಧ್ಯದಲ್ಲಿ ಕ್ಯಾಮರಾ ಇಡಬೇಡ.

ಹೇಮಶ್ರೀ ಚೆನ್ನಾಗಿದ್ದಾಳೆ. ಡಾಕ್ಟರಮ್ಮ ಜಗ್ಗಲಿಲ್ಲ, ನಮ್ಮವರು ಜೋಯಿಸರನ್ನು ಬಿಟ್ಟು ದೇವರಿಗೆ ಹೇಳಿಕೊಂಡಿದ್ದಾರೆ.

ಶೀಲಾವತಿ


ಆಲಂಕಾರು
೧೪ ಆಗಸ್ಟ್ ೨೦೨೪

ಮಗಾ ದೀಪಶ್ರೀ,

ನನ್ನ ಹಿಂದಿನ ಪತ್ರಕ್ಕೆ ನೀನು ಉತ್ತರ ಬರೆಯಲಿಲ್ಲ. ಸಿಟ್ಟು ಬಂದಿದೆ. ಬರಲಿ, ಆದರೆ ಈ ಪತ್ರವನ್ನು ಹರಿಯದೆ ಪೂರ್ತಿ ಓದು.

ಹೇಮಶ್ರೀಗೆ ಹೆಣ್ಣು ಮಗು. ಆಟಿಯಲ್ಲೇ. ನಿನ್ನ ಕ್ಯಾಮರಾಕ್ಕೆ ಹೇಳಿ ಕಳಿಸುವ ಪುರುಸೊತ್ತು ಯಾರಿಗೂ ಇರಲಿಲ್ಲ. ಹೇಳಿದ ತಾರೀಕಿಗಿಂತ ಮೊದಲೇ ನೋವು ಬಂತು, ಉಲ್ಲಾಸ ಕಾರಿನಲ್ಲಿ ಪುತ್ತೂರಿಗೆ ಓಡಿಸಿದ. ಎಲ್ಲ ಸರಿಯಾಗಿತ್ತು, ಆಮೇಲೆ ಮಗುವಿನ ಎದೆಬಡಿತ ಇಳಿಯತೊಡಗಿತು. ಕಾರಣವಿಲ್ಲದೆ ಕೊಯ್ಯುವುದಿಲ್ಲ ಎಂದಿದ್ದ ಅದೇ ಡಾಕ್ಟರಮ್ಮ ಈಗ ಒಂದು ನಿಮಿಷ ತಡ ಮಾಡದೆ ಆಪರೇಷನ್ ಮಾಡಿದರು. ನಮ್ಮವರು ಹೊರಗೆ ಗೋಡೆ ಹಿಡಿದು ನಿಂತಿದ್ದರು. ಮಗು ಅತ್ತಿತೆಂದು ನರ್ಸು ಬಂದು ಹೇಳಿದಾಗ ಅಲ್ಲೇ ಕುಸಿದು ಕೂತು ಅತ್ತರು. ನಕ್ಷತ್ರ ಯಾವುದೆಂದು ಈವರೆಗೆ ಕೇಳಿಲ್ಲ.

ಈಗ ಅಮೆ ಎಲ್ಲ ಲೆಕ್ಕಕ್ಕೆ ಮಾತ್ರ. ಕೈಗೆ ಸ್ಯಾನಿಟೈಸರ್ ಹಚ್ಚಿಕೊಂಡರೆ ಸಾಕು, ಯಾರೂ ಎತ್ತಿಕೊಳ್ಳಬಹುದು. ನಮ್ಮವರು ಮೊಮ್ಮಗಳನ್ನು ಎತ್ತಿಕೊಂಡು ನಿಂತದ್ದು ನೋಡಿ ನನಗೆ ಸಂತೋಷವಾಯಿತು, ಒಂದು ಥರ ಬೇಸರವೂ ಆಯಿತು. ಎಲ್ಲರೂ ಬಂದು ಮುಟ್ಟುವವರೇ. ಹೇಮಶ್ರೀಗೆ ಒಂದು ಗಳಿಗೆ ಕಣ್ಣು ಮುಚ್ಚಲು ಬಿಡಲಿಲ್ಲ. ನಮಗೆ ಸಿಕ್ಕಿದಂಥ ಕೋಣೆ ಅವಳಿಗೆ ಸಿಗಲಿಲ್ಲ.

ಮರುದಿನ ಮಗು ಮೊಲೆ ಹಿಡಿಯಲಿಲ್ಲ. ಬಾಯಿಗಿಟ್ಟರೆ ಮುಖ ತಿರುಗಿಸಿ ಕಿರುಚುವುದು. ನರ್ಸು ತಾಳ್ಮೆಯವಳು, ಹೀಗೆ ಹಿಡಿ ಹಾಗೆ ಹಿಡಿ ಎಂದು ತೋರಿಸಿದಳು. ಆದರೂ ಇಲ್ಲ. ಧೈರ್ಯದ ಹುಡುಗಿ ಎಂದಿದ್ದೆನಲ್ಲ, ಅವಳು ಗೋಡೆಗೆ ತಿರುಗಿ ಬಿಕ್ಕಿದಳು. “ನನ್ನ ಮಗುವಿಗೆ ನಾನೇ ಬೇಡ ಅತ್ತೆ” ಎಂದಳು.

ಆ ಹೊತ್ತಿಗೆ ಬಾಗಿಲಲ್ಲಿ ನಿನ್ನ ತಾಯಿ. ಉಲ್ಲಾಸ ಫೋನು ಮಾಡಿದ್ದನಂತೆ. ಬಾಣಂತಿ ಲೇಹದ ಭರಣಿ ಹಿಡಿದುಕೊಂಡು ಒಬ್ಬಳೇ ಬಸ್ಸಿನಲ್ಲಿ ಬಂದಿದ್ದಳು. ನಾವು ಮುಖ ನೋಡದೆ ಎಷ್ಟು ವರ್ಷವಾಗಿತ್ತೋ. ಕೂದಲು ಪೂರಾ ಬೆಳ್ಳಗೆ, ಕಣ್ಣು ಮಾತ್ರ ಅದೇ. ಭರಣಿಯನ್ನು ನನ್ನ ಕೈಗೆ ಕೊಟ್ಟು ಹೇಮಶ್ರೀಯ ಮಂಚದ ಮೇಲೆ ಕೂತಳು. ನನ್ನ ಕಿವಿಗೆ ಎಲ್ಲರ ಮಾತು ಬೀಳುವುದಿಲ್ಲ, ಅವಳದ್ದು ಬಿತ್ತು. ನಾನು ತೀರಾ ಹತ್ತಿರ ನಿಂತಿದ್ದೆ.

“ಅಳಬೇಡ ಮಗಾ. ನನ್ನ ಮಗಳು ಸಹ ಹೀಗೇ ಮಾಡಿದ್ದು. ಜ್ವರ ಇಳಿದ ಮೇಲೆ ನನಗೆ ಹಾಲು ಬಂತು. ಎದೆಗೆ ಹಿಡಿದರೆ ಮುಖ ತಿರುಗಿಸಿ ಅಳುದು. ಈ ಶೀಲಕ್ಕನ ಹತ್ರ ಕೊಟ್ಟರೆ ಸುಮ್ಮನಾಗುದು. ನಾನು ಈಚೆ ಮಂಚದಲ್ಲಿ ಕೂತು ನೋಡುದು. ರವಿಕೆ ಎಲ್ಲ ಹಾಲಲ್ಲಿ ಒದ್ದೆ. ನನಗೆ ಆಗ ಹೇಳುವವರು ಇರ್ಲಿಲ್ಲ, ಬಿಟ್ಟುಬಿಟ್ಟೆ. ನೀನು ಬಿಡಬೇಡ.”

ಹೌದು ಮಗಾ, ನಿನಗೆ ಹಾಲು ಕೊಟ್ಟದ್ದು ನಾನು. ನಿನ್ನ ತಾಯಿ ಜ್ವರದಲ್ಲಿ ಎಚ್ಚರ ತಪ್ಪಿ ಮಲಗಿದ್ದಾಗ ನೀನು ಹಸಿದು ಅಳುತ್ತಿದ್ದೆ. ಬಾಟಲಿಯ ಹಾಲು ಕಕ್ಕುತ್ತಿದ್ದೆ. ನೆಬೀಸ ನಿನ್ನನ್ನು ತಂದು ನನ್ನ ಮಡಿಲಿಗೆ ಹಾಕಿದಳು. ಉಲ್ಲಾಸ ಒಂದು ಕಡೆ, ನೀನು ಒಂದು ಕಡೆ. ನಿಮ್ಮ ಮನೆಯ ಮಗುವಿಗೆ ಬೇರೆ ಜಾತಿಯವಳು ಮೊಲೆ ಕೊಟ್ಟಳೆಂದರೆ ಆ ಕಾಲದಲ್ಲಿ ಸಣ್ಣ ಮಾತೇ? ಆದರೆ ನಾವಿಬ್ಬರೂ ಅಮೆಯಲ್ಲಿದ್ದೆವು. ಹತ್ತು ದಿನ ನಮ್ಮ ಹತ್ತಿರ ಯಾರೂ ಬರುವಂತಿಲ್ಲ. ಅಜ್ಜಿ ಬಾಗಿಲು ದಾಟಲಿಲ್ಲ, ಹಾಗಾಗಿ ಕಾಣಲಿಲ್ಲ. ನೀನು ಸಿನಿಮಾಕ್ಕೆ ಹೆಸರಿಟ್ಟ ಆ ಹತ್ತು ದಿನ ಯಾರೂ ಮುಟ್ಟಲಿಲ್ಲವೆಂದೇ ನೀನು ಬದುಕಿದ್ದು.

ಜ್ವರ ಬಿಟ್ಟು ಎದ್ದ ಮೇಲೆ ನಿನ್ನ ತಾಯಿ ಪಟ್ಟ ಕಷ್ಟವನ್ನು ನಾನು ನೋಡಿದ್ದೇನೆ. ಬೆಳಿಗ್ಗೆ, ಮಧ್ಯಾಹ್ನ, ಸಂಜೆ ನಿನ್ನನ್ನು ಎದೆಗೆ ಹಿಡಿದು ಬೇಡುವಳು. ನೀನು ತಲೆ ಹೊರಳಿಸುವೆ. ಕೊನೆಗೆ ನಿನ್ನ ಹಸಿವು ನೋಡಲಾರದೆ ಅವಳೇ ಎತ್ತಿ ನನ್ನ ಕೈಗೆ ಕೊಡುವಳು. ಕೊಟ್ಟು, ನೀನು ಕುಡಿದು ಮುಗಿಯುವವರೆಗೆ ನನ್ನ ಮುಖ ನೋಡದೆ ನಿನ್ನ ಕಾಲಿನ ಬೆರಳು ಹಿಡಿದುಕೊಂಡು ಕೂರುವಳು. ನನ್ನ ಹತ್ತಿರ ಇತ್ತು, ಕೊಟ್ಟೆ. ಅದೇನು ದೊಡ್ಡದಲ್ಲ. ಹಾಗೆ ಎತ್ತಿ ಕೊಡುವುದು ನನ್ನಿಂದ ಆಗುತ್ತಿರಲಿಲ್ಲ. ಮನೆಗೆ ಹೋದ ಮೇಲೂ ನೀನು ಹಿಡಿಯಲಿಲ್ಲವಂತೆ. ದನದ ಹಾಲಿಗೆ ನೀರು ಸೇರಿಸಿ ಒಳಲೆಯಲ್ಲಿ ಹನಿ ಹನಿಯಾಗಿ ಬಾಯಿಗೆ ಬಿಟ್ಟು ಸಾಕಿದಳು. ಒಂದು ಒಳಲೆ ಕುಡಿಸಲು ಅರ್ಧ ಗಂಟೆ ಬೇಕಿತ್ತೆಂದು ಹೇಮಶ್ರೀಗೆ ಹೇಳುತ್ತಿದ್ದಳು.

ಹೇಮಶ್ರೀ ಕಣ್ಣೊರಸಿಕೊಂಡು ಕೇಳಿದಳು, ಇದನ್ನೆಲ್ಲ ಮಗಳಿಗೆ ಹೇಳಿದ್ದೀರಾ ಎಂದು.

“ಎಂತ ಹೇಳುದು? ನೀನು ನನ್ನನ್ನು ಬೇಡ ಅಂದಿ ಅಂತಲಾ? ಹುಟ್ಟಿದ ಮಗುವಿಗೆ ಎಂತ ಗೊತ್ತುಂಟು. ಅವಳು ನನ್ನನ್ನೇ ಬೈದುಕೊಂಡಿರಲಿ. ಅವಳನ್ನು ಅವಳೇ ಬೈಕೊಳ್ಳುದು ಬೇಡ.”

ನಾನು ಅವಳಿಗೆ ಕೊಟ್ಟ ಮಾತು ಇದು. ಅಜ್ಜಿಗೆ ತಿಳಿಯಬಾರದು ಎಂದದ್ದು ಒಂದು. ಅಜ್ಜಿ ಹೋಗಿ ಕಾಲವಾಯಿತು. ಮಗಳಿಗೆ ತಿಳಿಯಬಾರದು ಎಂದದ್ದು ಇನ್ನೊಂದು, ಅದೇ ಗಟ್ಟಿ.

ಅವಳು ಹೊರಡುವಾಗ, ದೀಪಶ್ರೀಗೆ ಬರೆಯಲೇ ಎಂದು ಕೇಳಿದೆ. ಅವಳು ಮಗುವಿನ ಹೊದಿಕೆ ಸರಿ ಮಾಡುತ್ತಿದ್ದಳು. ಏನೂ ಹೇಳಿದಂತೆ ನನಗೆ ಕಾಣಲಿಲ್ಲ. ಬೇಡವೆಂದಿದ್ದರೂ ಈ ಕಿವಿಗೆ ಬಿದ್ದಿರಲಿಕ್ಕಿಲ್ಲ. ಕಿವುಡಿಯಾದದ್ದಕ್ಕೆ ಇದೊಂದು ಲಾಭ ನನಗೆ.

ಮಗು ಮರುದಿನ ಸಂಜೆ ಹಿಡಿಯಿತು. ಈಗ ಬಿಡುವುದಿಲ್ಲ.

ಶೀಲಾವತಿ


ಬೆಟ್ಟಂಪಾಡಿ
೬ ಸೆಪ್ಟೆಂಬರ್ ೨೦೨೪

ಶೀಲಮ್ಮ,

ನಿಮ್ಮ ಪತ್ರ ಕೈಸೇರಿದ ದಿನ ನಾನು ಎಡಿಟಿಂಗ್ ಕೋಣೆಯಲ್ಲಿದ್ದೆ. ಎದುರಿನ ಪರದೆಯಲ್ಲಿ ಅಮ್ಮ ಮೈಕು ತೆಗೆದಿಟ್ಟು ಏಳುತ್ತಿದ್ದಳು. ಆ ದೃಶ್ಯವನ್ನು ನಾನು ನೂರಾರು ಸಲ ನೋಡಿದ್ದೇನೆ. ಅವಳ ಮುಖದಲ್ಲಿದ್ದದ್ದು ಅಸಡ್ಡೆ ಎಂದು ತಿಳಿದಿದ್ದೆ. ಆ ದಿನ ಮತ್ತೆ ನೋಡಿದೆ. ಅಸಡ್ಡೆ ಇರಲಿಲ್ಲ.

ಆ ದೃಶ್ಯ, ಅದರ ಮೇಲಿನ ನನ್ನ ಮಾತು, ಸಿನಿಮಾದ ಹೆಸರು, ಮೂರನ್ನೂ ತೆಗೆದುಹಾಕಿದೆ. ಪ್ರದರ್ಶನ ನವೆಂಬರಿಗೆ ಹೋಯಿತು. ಹೊಸ ಹೆಸರು ಇನ್ನೂ ಸಿಕ್ಕಿಲ್ಲ. ಹೇಮಶ್ರೀ ಒಪ್ಪಿದರೆ ಅವರ ಮಾತು ಇರಲಿ ಎಂದಿದ್ದೇನೆ, ಡೊಂಬಯ್ಯನವರ ಜೋಯಿಸರೂ ಇರಲಿ. ನಮ್ಮ ಮೂವರ ವಿಷಯ ಸಿನಿಮಾದಲ್ಲಿ ಇರುವುದಿಲ್ಲ. ಅದು ಸಿನಿಮಾಕ್ಕೆ ಸೇರಿದ್ದಲ್ಲ.

ಕ್ಯಾಮರಾ ತರದೆ ನಿನ್ನೆ ಊರಿಗೆ ಬಂದೆ. ಬಸ್ಸಿನಲ್ಲಿ ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡಿದ್ದೆ. ಕ್ಷಮಿಸು ಎನ್ನುವುದೇ, ನನಗೆ ಎಲ್ಲ ಗೊತ್ತಾಯಿತು ಎನ್ನುವುದೇ? ಗೊತ್ತಾಯಿತು ಎಂದರೆ ಇಷ್ಟು ವರ್ಷ ಅವಳು ಕಾಪಾಡಿಕೊಂಡು ಬಂದದ್ದನ್ನು ಕಸಿದ ಹಾಗೆ. ಒಂದೂ ಆಡಲಾಗಲಿಲ್ಲ. ಅಮ್ಮ ಬಾ ಎಂದಳು, ಊಟ ಬಡಿಸಿದಳು, ಬಸ್ಸಿನಲ್ಲಿ ರಶ್ ಇತ್ತಾ ಎಂದು ಕೇಳಿದಳು. ಹೇಮಶ್ರೀಯ ಮಗುವಿನ ಸುದ್ದಿ ಹೇಳಿದಳು, ಅದು ನಿಮ್ಮ ಮೂಗು ಹೊತ್ತು ಬಂದಿದೆಯಂತೆ.

ಸಂಜೆ ಹಾಲಿನ ಲೋಟ ತಂದು ನನ್ನ ಮುಂದಿಟ್ಟು ಎದುರಿಗೆ ಕೂತು ಹೂವು ಕಟ್ಟತೊಡಗಿದಳು. ನಾನು ಅವಳ ಕೈಯನ್ನೇ ನೋಡುತ್ತ ಕೂತೆ. ನನಗೆ ಏನು ಸೇರುವುದಿಲ್ಲ ಎಂದು ಅವಳಿಗೆ ಗೊತ್ತಿಲ್ಲವೆಂದು ನಿಮಗೆ ಬರೆದಿದ್ದೆನಲ್ಲ. ಎಲ್ಲರಿಗಿಂತ ಮೊದಲು ಅವಳಿಗೇ ಗೊತ್ತಿತ್ತು. ಆದರೂ ಬಿಡದೆ ತಂದಿಡುತ್ತಿದ್ದಳು.

ಹಾಲು ತಣ್ಣಗಾಗಿ ಕೆನೆ ಕಟ್ಟಿತು. ಎಂದಿನಂತೆ ಎತ್ತಿಕೊಂಡು ಹೋಗಲು ಅಮ್ಮ ಕೈ ಚಾಚಿದಳು. ನಾನು ಲೋಟ ತೆಗೆದುಕೊಂಡು ಕುಡಿದೆ. ಕೆನೆ ಸಮೇತ, ಪೂರ್ತಿ. ರುಚಿ ನನಗೆ ಈಗಲೂ ಹಿಡಿಸಲಿಲ್ಲ. ಅಮ್ಮನ ಕೈ ಚಾಚಿದಲ್ಲೇ ಇತ್ತು. ಖಾಲಿ ಲೋಟವನ್ನು ಅದರಲ್ಲಿಟ್ಟೆ.

ಲೋಟದ ಒಳಗೆ ನೋಡಿದಳು. ನನ್ನನ್ನು ನೋಡಿದಳು. ಶೀಲಕ್ಕ ಬರೆದಳಾ ಎಂದು ಕೇಳುತ್ತಾಳೆಂದುಕೊಂಡೆ. ಕೇಳಲಿಲ್ಲ.

“ಇನ್ನು ಸ್ವಲ್ಪ ಉಂಟು. ಬಿಸಿ ಮಾಡಿ ತರಲಾ?” ಎಂದಳು.

ನಿಮ್ಮ
ದೀಪಶ್ರೀ